ಊರೂರು ಸುತ್ತಿದ ಕೋಚ್ ಜೋರ್ಜ್ ಕೋಸ್ಟಾ: ಲೆಕ್ಕ ಸರಿಯಾಗಿ ಹಾಕಿ

ಮಾನ್ಯ ಸಂಪಾದಕರೇ,

ಪೋರ್ಚುಗಲ್‌ನ ಫುಟ್‌ಬಾಲ್ ಆಟಗಾರ, ಕೋಚ್ ಜೋರ್ಜ್ ಕೋಸ್ಟಾ 2025ರ ಆಗಸ್ಟ್ 5ರಂದು ಪೋರ್ಟೊ ಕ್ಲಬ್‌ನ ತರಬೇತಿ ಕೇಂದ್ರದಲ್ಲಿ ಹೃದಯ ಸ್ತಂಭನಗೊಂಡು ತೀರಿಕೊಂಡರು. ವಯಸ್ಸು 53. ನಮ್ಮ ಕಣ್ಣಿಗೆ ಬಿದ್ದ ಶ್ರದ್ಧಾಂಜಲಿ ಬರಹಗಳೆಲ್ಲ ಯುರೋಪ್‌ನ ಕ್ಲಬ್‌ಗಳ ಅತಿ ದೊಡ್ಡ ಟೂರ್ನಿಯಾದ ಚಾಂಪಿಯನ್ಸ್ ಲೀಗ್‌ನ 2004ರ ಕಪ್‌ಗೇ ನಿಂತುಬಿಟ್ಟವು. ‘ನಂತರ ಹಲವು ದೇಶಗಳಲ್ಲಿ ಕೋಚ್ ಆಗಿದ್ದರು’ ಎಂಬ ಒಂದೇ ವಾಕ್ಯದಲ್ಲಿ ಉಳಿದ ಬದುಕು ಮುಗಿಯಿತು. ಆ ವಾಕ್ಯದೊಳಗೆ ರೊಮೇನಿಯಾ, ಸೈಪ್ರಸ್, ಗ್ಯಾಬೊನ್, ಟ್ಯುನೀಷಿಯಾ, ಫ್ರಾನ್ಸ್ ಇವೆ. ಮುಂಬೈಯಲ್ಲಿ ಕಳೆದ ಎರಡು ಋತುಗಳಿವೆ. ನಮ್ಮ ಕಂಠೀರವ ಕ್ರೀಡಾಂಗಣದಲ್ಲಿ ಬೆಂಗಳೂರು ಎಫ್‌ಸಿಯನ್ನು ಸೋಲಿಸಿದ ಒಂದು ಸಂಜೆಯೂ ಇದೆ.

ಆಟಗಾರನಾಗಿ ಅವರ ದಾಖಲೆ ಹೆಚ್ಚಿನವರಿಗೆ ಗೊತ್ತು. 1991ರಲ್ಲಿ ಲಿಸ್ಬನ್‌ನಲ್ಲಿ ಬ್ರೆಜಿಲ್ ತಂಡವನ್ನು ಪೆನಾಲ್ಟಿಯಲ್ಲಿ ಮಣಿಸಿ ಕಿರಿಯರ ವಿಶ್ವಕಪ್ ಗೆದ್ದ ತಂಡದಲ್ಲಿ ಫಿಗೊ, ರೂಯಿ ಕೋಸ್ಟಾ ಜತೆ ಇವರೂ ಇದ್ದರು. ದೇಶಕ್ಕಾಗಿ 50 ಪಂದ್ಯ ಆಡಿದರು. ಪೋರ್ಟೊ ನಾಯಕನಾಗಿ 2003ರಲ್ಲಿ ಯುಇಎಫ್‌ಎ ಕಪ್, ಮರುವರ್ಷ ಚಾಂಪಿಯನ್ಸ್ ಲೀಗ್ ಎತ್ತಿದರು. ಇದರ ನಡುವಿನ ಒಂದು ಪ್ರಸಂಗವನ್ನು ಮಾತ್ರ ಇಲ್ಲಿ ಎತ್ತಿ ಹೇಳಬೇಕು. 2001ರಲ್ಲಿ ಆಗಿನ ಕೋಚ್ ಒಕ್ಟಾವಿಯೊ ಮಚಾಡೊ ಜತೆ ವಿರಸ ಬಂದು, ಲಂಡನ್‌ನ ಚಾರ್ಲ್ಟನ್ ಕ್ಲಬ್‌ಗೆ ಎರವಲು ಹೋದರು. ಹೊಸ ಕೋಚ್ ಮೊರಿನ್ಯೊ ಬಂದ ಮೇಲೆ ಕೋಸ್ಟಾ ಅವರನ್ನು ಕರೆಸಿ ನಾಯಕತ್ವ ಕೊಟ್ಟರು. ಎರಡೇ ವರ್ಷದಲ್ಲಿ ಯುರೋಪ್‌ನ ಎರಡು ಕಪ್ ಬಂದವು. ಕೋಚ್ ಬದಲಾದರೆ ಅದೇ ಆಟಗಾರ ಬೇರೆಯೇ ಆಗಿ ಕಾಣುತ್ತಾನೆ ಎಂಬುದನ್ನು ಕೋಸ್ಟಾ ತಾವೇ ಅನುಭವಿಸಿದ್ದರು.

2007ರ ಫೆಬ್ರುವರಿಯಲ್ಲಿ, ಋತುವಿನ ನಡುವೆ, ಕೋಚ್ ಆಗಿ ಪೋರ್ಚುಗಲ್‌ನ ಬ್ರಾಗಾ ತಂಡ ಅವರ ಕೈಗೆ ಬಂತು. ಅಲ್ಲಿಂದ ಮುಂದೆ ಅವರಿಗೆ ಸಿಕ್ಕ ಕೆಲಸಗಳಲ್ಲಿ ಹಲವು ಹೀಗೆಯೇ, ಬೇರೊಬ್ಬರು ಕಟ್ಟಿದ ತಂಡವನ್ನು ನಡುದಾರಿಯಲ್ಲಿ ದುರಸ್ತಿ ಮಾಡುವಂಥವು. ಋತುವಿನ ಆರಂಭದಿಂದ ಸಮಯ ಸಿಕ್ಕಾಗ ಏನಾಯಿತು ಎಂಬುದಕ್ಕೆ ಓಲ್ಯಾನೆನ್ಸೆ ಉದಾಹರಣೆ. ದಕ್ಷಿಣ ಪೋರ್ಚುಗಲ್‌ನ ಸಣ್ಣ ಊರಿನ ಈ ಕ್ಲಬ್ 2008-09ರಲ್ಲಿ ಎರಡನೇ ದರ್ಜೆಯ ಚಾಂಪಿಯನ್ ಆಗಿ, 34 ವರ್ಷಗಳ ನಂತರ ಮೊದಲ ದರ್ಜೆಗೆ ಏರಿತು. ಮರುವರ್ಷ ಅಲ್ಲೇ ಉಳಿದುಕೊಂಡಿತು. ರೊಮೇನಿಯಾದ ಕ್ಲೂಜ್ ಕ್ಲಬ್‌ನಲ್ಲಿ ಇದಕ್ಕೆ ತಿರುಗುಮುರುಗು. 2011-12ರ ಋತುವಿನ ಹೆಚ್ಚಿನ ಭಾಗ ತಂಡವನ್ನು ನಡೆಸಿದವರು ಕೋಸ್ಟಾ. ವಸಂತದಲ್ಲಿ ಅವರನ್ನು ತೆಗೆದರು. ರೊಮೇನಿಯಾ ಲೀಗ್ ಕಿರೀಟ ಬಂದಾಗ ಕೋಚ್ ಆಗಿ ಬೆಂಚಿನಲ್ಲಿದ್ದವರು ಯೋನ್ ಆಂಡೋನೆ. ದಾಖಲೆ ಪುಸ್ತಕದಲ್ಲಿ ಕಪ್ ಯಾರ ಹೆಸರಿಗೆ ಬರುತ್ತದೆ ಎಂಬುದನ್ನು ಬಿಡಿಸಿ ಹೇಳಬೇಕಿಲ್ಲ.

ನಡುವೆ ಬಂದ ಕೋಚ್‌ಗೆ ಎಷ್ಟು ಸಮಯ ಇರುತ್ತದೆ ಎಂಬುದನ್ನು ಓದುಗರಿಗೆ ತಿಳಿಸಬೇಕು. ಮೂರು-ನಾಲ್ಕು ದಿನಕ್ಕೊಂದು ಪಂದ್ಯ ಇರುವಾಗ, ಪಂದ್ಯದ ಮರುದಿನ ವಿಶ್ರಾಂತಿಗೆ, ಮುಂದಿನ ಪಂದ್ಯದ ಹಿಂದಿನ ದಿನ ಹಗುರ ಅಭ್ಯಾಸಕ್ಕೆ ಹೋಗುತ್ತದೆ. ದೂರದ ಊರಾದರೆ ಪ್ರಯಾಣಕ್ಕೆ ಇನ್ನೊಂದು ದಿನ. ಉಳಿಯುವುದು ಹೆಚ್ಚೆಂದರೆ ಒಂದು ಪೂರ್ಣ ಅಭ್ಯಾಸ. ಅಷ್ಟರಲ್ಲಿ ದಾಳಿಯ ಹೊಸ ವಿನ್ಯಾಸ ಕಲಿಸಲು ಆಗುವುದಿಲ್ಲ. ಗೋಲು ಸೋರುವುದನ್ನು ನಿಲ್ಲಿಸಬಹುದು. ಮೊದಲು ಹಿಂದಿನ ಸಾಲಿನಿಂದ ಮುಂದಿನ ಸಾಲಿಗೆ ಇರುವ ಅಂತರವನ್ನು 30-35 ಮೀಟರ್‌ಗೆ ಇಳಿಸಬೇಕು. ಇಬ್ಬರು ಫುಲ್ ಬ್ಯಾಕ್‌ಗಳೂ (ಎರಡು ಅಂಚುಗಳ ರಕ್ಷಕರು) ಒಟ್ಟಿಗೆ ಮೇಲೆ ಹೋಗದಂತೆ ಕಟ್ಟಬೇಕು. ಕಾರ್ನರ್ ಮತ್ತು ಫ್ರೀ ಕಿಕ್‌ನಲ್ಲಿ ಯಾರು ಯಾರನ್ನು ಹಿಡಿಯಬೇಕು, ಬಡಿದು ಹೊರಬಿದ್ದ ಚೆಂಡಿಗೆ ಪೆನಾಲ್ಟಿ ಚೌಕದ ಅಂಚಿನಲ್ಲಿ ಯಾರು ನಿಲ್ಲಬೇಕು ಎಂದು ಹೆಸರಿಟ್ಟು ಹೇಳಬೇಕು. ಕೋಸ್ಟಾ ಅವರಂತೆ ಸೆಂಟರ್ ಬ್ಯಾಕ್ (ರಕ್ಷಣಾ ಸಾಲಿನ ನಡುವಿನ ಆಟಗಾರ) ಆಗಿ ಆಡಿದವರಿಗೆ ಇದು ಕರತಲಾಮಲಕ. ಇಂಥ ಹೊತ್ತಿನಲ್ಲಿ ಕ್ಲಬ್‌ಗಳು ಹಳೆಯ ಡಿಫೆಂಡರ್‌ಗಳನ್ನು ಹುಡುಕಿಕೊಂಡು ಹೋಗುವುದು ಅದಕ್ಕೇ. ತೊಂದರೆ ಎಲ್ಲಿ ಎಂದರೆ, ಸೋರಿಕೆ ನಿಂತ ಎರಡೇ ತಿಂಗಳಿಗೆ ಆಡಳಿತ ಮಂಡಳಿ ಗೋಲು ಕೇಳಲು ಶುರುಮಾಡುತ್ತದೆ.

ಗ್ಯಾಬೊನ್‌ನಲ್ಲಿ ಪಾಡು ಬೇರೆ. ರಾಷ್ಟ್ರೀಯ ತಂಡದ ಕೋಚ್‌ಗೆ ಆಟಗಾರರು ಸಿಗುವುದೇ ವರ್ಷಕ್ಕೆ ಕೆಲವು ವಾರ. 2015ರ ಆಫ್ರಿಕಾ ಕಪ್‌ನಲ್ಲಿ ಬುರ್ಕಿನಾ ಫಾಸೊವನ್ನು 2-0ರಿಂದ ಸೋಲಿಸಿ, ಕಾಂಗೊ ಮತ್ತು ಆತಿಥೇಯ ಈಕ್ವಟೋರಿಯಲ್ ಗಿನಿಗೆ ಸೋತು ಗುಂಪಿನಲ್ಲೇ ಹೊರಬಿದ್ದರು. 2017ರ ಕಪ್‌ಗೆ ಗ್ಯಾಬೊನ್ನೇ ಆತಿಥೇಯ. ಟೂರ್ನಿಗೆ ಎರಡು ತಿಂಗಳಿರುವಾಗ, 2016ರ ನವೆಂಬರ್‌ನಲ್ಲಿ, ಕೋಸ್ಟಾ ಅವರನ್ನು ತೆಗೆದು ಸ್ಪೇನ್‌ನ ಕಮಾಚೊ ಅವರನ್ನು ತಂದರು. ಮೂರೂ ಪಂದ್ಯ ಡ್ರಾ ಆಗಿ ಗ್ಯಾಬೊನ್ ಮತ್ತೆ ಗುಂಪಿನಲ್ಲೇ ಮುಗಿಸಿತು.

ಮುಂಬೈ ಸಿಟಿ ಕ್ಲಬ್‌ಗೆ ಕೋಸ್ಟಾ ಬಂದದ್ದು 2018ರಲ್ಲಿ. ಆಗಿನ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ನಿಯಮದಂತೆ ಮೈದಾನದಲ್ಲಿ ಐವರು ವಿದೇಶಿಯರಿಗಷ್ಟೇ ಅವಕಾಶ. ಕೋಸ್ಟಾ ತಮಗೆ ಗೊತ್ತಿದ್ದವರನ್ನೇ ಕರೆತಂದರು. ಸೆನೆಗಲ್‌ನ ಮೊದು ಸೂಗು ಅವರಿಗೆ ಪೋರ್ಚುಗಲ್‌ನ ಅಕಾಡೆಮಿಕಾದಲ್ಲೂ ಕ್ಲೂಜ್‌ನಲ್ಲೂ ಇವರೇ ಕೋಚ್. ರಫೇಲ್ ಬಾಸ್ಟೋಸ್ ಕೂಡ ಕ್ಲೂಜ್ ಕಾಲದವರು. ಪರಿಚಿತರಾದರೆ ಹೇಳಿಕೊಡುವ ಸಮಯ ಉಳಿಯುತ್ತದೆ. ಊರೂರು ಸುತ್ತುವ ಕೋಚ್‌ಗಳು ಆಟಗಾರರನ್ನೂ ಜತೆಗೆ ಕರೆದೊಯ್ಯುವುದನ್ನು ಸ್ವಜನಪಕ್ಷಪಾತ ಎನ್ನುವವರು ಈ ಮಾತನ್ನು ಗಮನಿಸಬೇಕು.

ಅಕ್ಟೋಬರ್ 24ರಂದು ಗೋವಾ ತಂಡ ಮುಂಬೈಯನ್ನು 5-0ರಿಂದ ಸೋಲಿಸಿತು. ಆಗ ನಾಲ್ಕು ಪಂದ್ಯಕ್ಕೆ ನಾಲ್ಕೇ ಅಂಕ. ಮುಂದಿನ ಒಂಬತ್ತು ಪಂದ್ಯಗಳಲ್ಲಿ ಮುಂಬೈ ಸೋಲಲಿಲ್ಲ. ತಮ್ಮ ಅರ್ಧದಲ್ಲಿ ಒತ್ತಾಗಿ ನಿಂತು, ಚೆಂಡು ಸಿಕ್ಕ ಕೂಡಲೇ ಎದುರಾಳಿಯ ಬೆನ್ನ ಹಿಂದಿನ ಜಾಗಕ್ಕೆ ಸೂಗು ಅವರನ್ನು ಓಡಿಸುವುದು ಕೋಸ್ಟಾ ಅವರ ದಾರಿ. ಕೇರಳ ಬ್ಲಾಸ್ಟರ್ಸ್ ವಿರುದ್ಧದ 6-1 ಗೆಲುವಿನಲ್ಲಿ ಸೂಗು ನಾಲ್ಕು ಗೋಲು ಹೊಡೆದರು. 13 ಪಂದ್ಯಕ್ಕೆ 27 ಅಂಕ. ಕೊನೆಯ ಐದರಿಂದ ಕೇವಲ ಮೂರು. ಎದುರಾಳಿಗಳು ಹಿಂದೆ ಜಾಗ ಬಿಡುವುದನ್ನು ನಿಲ್ಲಿಸಿದರೆ ಪ್ರತಿದಾಳಿಯ ತಂಡಕ್ಕೆ ಎರಡನೇ ದಾರಿ ಬೇಕು. ಅದು ಅವರ ಬಳಿ ಇರಲಿಲ್ಲ ಎಂಬ ಟೀಕೆಯನ್ನು ನಾವೂ ಒಪ್ಪುತ್ತೇವೆ. ಮೂರನೇ ಸ್ಥಾನ ಸಿಕ್ಕರೂ, ಸೆಮಿಫೈನಲ್‌ನ ಎರಡು ಪಂದ್ಯಗಳಲ್ಲಿ ಮೊದಲನೆಯದರಲ್ಲಿ ಬಾಸ್ಟೋಸ್ ಗೋಲಿನಿಂದ ಮುಂದಿದ್ದ ತಂಡ ತವರಿನಲ್ಲೇ 1-5ರಿಂದ ಗೋವಾಕ್ಕೆ ಸೋತಿತು.

ಮರುವರ್ಷ ಬಾಸ್ಟೋಸ್ ಇರಲಿಲ್ಲ. ಹಿಂಬದಿಯ ಗೋಡೆಯಾಗಿದ್ದ ಲೂಸಿಯನ್ ಗೋಯನ್ ಚೆನ್ನೈಯಿನ್ ಸೇರಿದ್ದರು. 2019ರ ಡಿಸೆಂಬರ್ 15ರಂದು ಕಂಠೀರವದಲ್ಲಿ ಮುಂಬೈ 3-2ರಿಂದ ಗೆದ್ದಿತು. ಹೆಚ್ಚುವರಿ ನಿಮಿಷಗಳಲ್ಲಿ ಗೆಲುವಿನ ಗೋಲು ಹೊಡೆದವರು ರೌಲಿನ್ ಬೋರ್ಜೆಸ್. ಆದರೆ 2020ರ ಫೆಬ್ರುವರಿಯ ಕೊನೆಯ ಲೀಗ್ ಪಂದ್ಯದಲ್ಲಿ, ಗೆದ್ದರೆ ಪ್ಲೇಆಫ್ ಎಂಬ ಸ್ಥಿತಿಯಲ್ಲಿ, ಹತ್ತು ಮಂದಿಗೆ ಇಳಿದಿದ್ದ ಮುಂಬೈ ಚೆನ್ನೈಯಿನ್‌ಗೆ 0-1ರಿಂದ ಸೋತಿತು. ಆ ಗೋಲು ಹೊಡೆದದ್ದು ಅದೇ ಗೋಯನ್. ಮಾರ್ಚ್‌ನಲ್ಲಿ ಕೋಸ್ಟಾ ಹೊರಟರು. ಅವರ ನಂತರ ಬಂದ ಲೊಬೇರಾ 2020-21ರಲ್ಲಿ ಲೀಗ್ ಹಂತದ ಅಗ್ರಸ್ಥಾನದ ಶೀಲ್ಡ್ ಮತ್ತು ಐಎಸ್‌ಎಲ್ ಕಪ್ ಎರಡನ್ನೂ ಗೆದ್ದರು, ನಿಜ. ಆದರೆ ಲೊಬೇರಾ ಜತೆಗೆ ಗೋವಾದಿಂದ ಆಟಗಾರರಾದ ಫಾಲ್, ಜಾಹೂ, ಬೌಮೌಸ್ ಕೂಡ ಬಂದರು. ಹೊಸ ಮಾಲೀಕರ ಹಣವೂ ಬೆನ್ನಿಗಿತ್ತು. ಇಬ್ಬರನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ.

ಊರಿಗೆ ಮರಳಿದ ಕೋಸ್ಟಾ 2023-24ರಲ್ಲಿ ಎವಿಎಸ್ ತಂಡವನ್ನು ಪ್ಲೇಆಫ್ ಗೆಲ್ಲಿಸಿ ಮೊದಲ ದರ್ಜೆಗೆ ಏರಿಸಿದರು. ಅದರ ಬೆನ್ನಿಗೇ, ಪೋರ್ಟೊ ಅಧ್ಯಕ್ಷರಾದ ವಿಲಾಸ್-ಬೋಆಸ್ ಕೋಸ್ಟಾ ಅವರನ್ನು ಕ್ಲಬ್‌ನ ಫುಟ್‌ಬಾಲ್ ನಿರ್ದೇಶಕರಾಗಿ ಕರೆಸಿಕೊಂಡರು.

ನಮ್ಮ ಕೋರಿಕೆ ಇಷ್ಟು. ಕೋಚ್ ಒಬ್ಬರು ಹೊರಹೋದ ಸುದ್ದಿ ಹಾಕುವಾಗ ಗೆಲುವು-ಸೋಲಿನ ಎಣಿಕೆಯ ಜತೆಗೆ ಮೂರು ಸಾಲು ಸೇರಿಸಿ: ಅವರು ಬಂದಾಗ ತಂಡ ಪಟ್ಟಿಯಲ್ಲಿ ಎಲ್ಲಿತ್ತು, ಆಟಗಾರರಲ್ಲಿ ಅವರು ಆರಿಸಿದವರು ಎಷ್ಟು, ಪಂದ್ಯಗಳ ನಡುವೆ ಎಷ್ಟು ದಿನ ಸಿಕ್ಕವು. 2018-19ರ ಐಎಸ್‌ಎಲ್ ಕಪ್ ಗೆದ್ದುಕೊಟ್ಟ ಕೋಚ್ ಕಾರ್ಲೆಸ್ ಕ್ವಾದ್ರಾತ್ 2021ರ ಜನವರಿಯಲ್ಲಿ ಬೆಂಗಳೂರು ಎಫ್‌ಸಿಯಿಂದ ಹೊರನಡೆದಾಗಲೂ ಈ ಮಾಹಿತಿ ಸಿಕ್ಕಿದ್ದರೆ ನಮ್ಮೂರಿನ ಅಭಿಮಾನಿಗಳ ಚರ್ಚೆಗೆ ಒಂದು ನೆಲೆ ಇರುತ್ತಿತ್ತು.

— ಫುಟ್‌ಬಾಲ್ ಆಸಕ್ತ ಓದುಗರು, ಬೆಂಗಳೂರು