ಶನಿವಾರ ರಾತ್ರಿ ಸರ್ವರ್ ಬದಲಾವಣೆ ಮತ್ತು ಹೊಸ ದರ: ಗ್ರಾಹಕರಿಗೆ ಪತ್ರ

ಆತ್ಮೀಯ ಗ್ರಾಹಕರೇ,

ಈ ಶನಿವಾರ ರಾತ್ರಿ 11ರಿಂದ ಬೆಳಗಿನ ಜಾವ 3ರವರೆಗೆ ನಮ್ಮ ಬಿಲ್ಲಿಂಗ್ ತಂತ್ರಾಂಶ ನಡೆಯುವುದಿಲ್ಲ. ಅಮೆಜಾನ್‌ನ ಮುಂಬೈ ಕೇಂದ್ರದಲ್ಲಿರುವ ನಮ್ಮ ಬಾಡಿಗೆ ಸರ್ವರನ್ನು ಟಿ2.ಮೀಡಿಯಂ ಎಂಬ ಬಗೆಯಿಂದ ಎಂ6ಐ.ಎಕ್ಸ್‌ಲಾರ್ಜ್‌ಗೆ ಏರಿಸುತ್ತಿದ್ದೇವೆ. 2 ವಿಸಿಪಿಯು (ಪ್ರೊಸೆಸರಿನ ಪಾಲು), 4 ಜಿಬಿ ರ‍್ಯಾಮ್ ಇದ್ದದ್ದು 4 ವಿಸಿಪಿಯು, 16 ಜಿಬಿ ಆಗುತ್ತದೆ. ರಾತ್ರಿ ತೆರೆದಿರುವ ಔಷಧಿ ಅಂಗಡಿಯವರಿಗೆ ಇದರಿಂದ ತೊಂದರೆ. ದಯವಿಟ್ಟು ಕ್ಷಮಿಸಿ.

"ಬೆಳಿಗ್ಗೆ ಓಡುತ್ತೆ, ಸಂಜೆ ತೆವಳುತ್ತೆ. ದರ ಏರಿಸೋಕೆ ನೀವೇ ಬೇಕಂತ ನಿಧಾನ ಮಾಡ್ತೀರಿ" ಎಂಬ ಮಾತು ಫೋನಿನಲ್ಲಿ ಪದೇ ಪದೇ ಕೇಳಿದ್ದೇವೆ. ಬೇಸರವಾಗಿದೆ, ಹಾಗಾಗಿ ಲೆಕ್ಕವನ್ನೇ ನಿಮ್ಮ ಮುಂದಿಡುತ್ತೇವೆ. ಟಿ2 ಬಗೆಯ ಸರ್ವರ್ ಸಿಪಿಯು ಕ್ರೆಡಿಟ್ ಮೇಲೆ ನಡೆಯುತ್ತದೆ. ಒಂದು ಕ್ರೆಡಿಟ್ ಎಂದರೆ ಒಂದು ವಿಸಿಪಿಯು ಒಂದು ನಿಮಿಷ ಪೂರ್ತಿ ದುಡಿಯುವಷ್ಟು. ಟಿ2.ಮೀಡಿಯಂಗೆ ಗಂಟೆಗೆ 24 ಕ್ರೆಡಿಟ್ ಜಮೆ. ಹೆಚ್ಚೆಂದರೆ 576 ಉಳಿತಾಯ. ಎರಡೂ ವಿಸಿಪಿಯು ಬಿಡುವಿಲ್ಲದೆ ದುಡಿದರೆ ಗಂಟೆಗೆ 120 ಖರ್ಚು, ಜಮೆ ಕಳೆದರೂ 96 ಕಡಿಮೆಯಾಗುತ್ತದೆ. ಹತ್ತು ಗಂಟೆಗೆ ಅಂಗಡಿಗಳು ತೆರೆದರೆ ನಾಲ್ಕರ ಹೊತ್ತಿಗೆ ಖಾತೆ ಖಾಲಿ, ಅಲ್ಲಿಂದಾಚೆ ಐದನೇ ಒಂದು ಭಾಗದ ವೇಗ. ಜಿಎಸ್‌ಟಿಆರ್-1 (ಮಾರಾಟದ ವಿವರ) ಕೊನೆಯ ದಿನವಾದ 11ನೇ ತಾರೀಖು, 3ಬಿ (ತಿಂಗಳ ತೆರಿಗೆ ಲೆಕ್ಕ) ಸಲ್ಲಿಸುವ 20ನೇ ತಾರೀಖು ಎಲ್ಲರೂ ಒಟ್ಟಿಗೆ ವರದಿ ತೆಗೆಯುತ್ತೀರಿ. ಆ ಸಂಜೆಗಳೇ ನಿಮಗೆ ನೆನಪಿರುವುದು. ಎಂ6ಐಯಲ್ಲಿ ಕ್ರೆಡಿಟ್ ಎಂಬುದೇ ಇಲ್ಲ.

ಹೊಸ ಸರ್ವರಿನ ಬಾಡಿಗೆ ಮಾತ್ರ ಸುಮಾರು ನಾಲ್ಕು ಪಟ್ಟು. ಅಮೆಜಾನ್ ದರಪಟ್ಟಿ ಡಾಲರಿನಲ್ಲಿದೆ, ರೂಪಾಯಿ ಇಳಿದರೆ ನಮ್ಮ ಬಿಲ್ ಏರುತ್ತದೆ. 2024ರ ಫೆಬ್ರವರಿಯಿಂದ ಸಾರ್ವಜನಿಕ ಐಪಿ ವಿಳಾಸಕ್ಕೂ (ಇಂಟರ್ನೆಟ್ಟಿನಲ್ಲಿ ಸರ್ವರಿನ ಸಂಖ್ಯೆ) ಗಂಟೆಗೆ ಅರ್ಧ ಸೆಂಟ್ ಕೊಡುತ್ತಿದ್ದೇವೆ. 18% ಜಿಎಸ್‌ಟಿ ನಮಗೆ ಇನ್‌ಪುಟ್ ಆಗಿ ವಾಪಸ್ ಸಿಗುತ್ತದೆ, ಅದನ್ನು ಖರ್ಚಿಗೆ ಸೇರಿಸಿಲ್ಲ. ಹಾಗಾಗಿ ನಿಮ್ಮ ತಿಂಗಳ ದರ ₹400 ಇದ್ದದ್ದು ₹460 ಆಗುತ್ತದೆ. ವರ್ಷದ ಹಣ ಕಟ್ಟಿರುವವರಿಗೆ ಅವಧಿ ಮುಗಿಯುವವರೆಗೆ ಹಳೆಯ ದರವೇ.

ಆ ರಾತ್ರಿ ನಾವು ಮೊದಲು ಸರ್ವರ್ ನಿಲ್ಲಿಸಿ, ಆಮೇಲೆ ಡಿಸ್ಕಿನ ಸ್ನ್ಯಾಪ್‌ಶಾಟ್, ಅಂದರೆ ಪೂರ್ತಿ ನಕಲು ತೆಗೆಯುತ್ತೇವೆ. ಓಡುತ್ತಿರುವಾಗ ತೆಗೆದರೆ ಅರ್ಧ ಬರೆದ ಬಿಲ್ ಸಿಕ್ಕಿಹಾಕಿಕೊಳ್ಳಬಹುದು. ಹೊಸ ಬಗೆಯಲ್ಲಿ ಡಿಸ್ಕಿನ ಹೆಸರೇ ಬದಲಾಗುತ್ತದೆ. ಎಫ್‌ಎಸ್‌ಟ್ಯಾಬ್‌ನಲ್ಲಿ (ಡಿಸ್ಕುಗಳ ಪಟ್ಟಿಯ ಕಡತ) ಹಳೆಯ ಹೆಸರು ಉಳಿದರೆ ಸರ್ವರ್ ಮೇಲೇಳುವುದೇ ಇಲ್ಲ, ಹಾಗಾಗಿ ಹೆಸರಿನ ಬದಲು ಡಿಸ್ಕಿನ ಬದಲಾಗದ ಗುರುತುಸಂಖ್ಯೆ ಯುಯುಐಡಿ ಹಾಕಿದ್ದೇವೆ. ಡಿಸ್ಕಿಗೆ ಎನ್‌ವಿಎಂಇ, ನೆಟ್‌ವರ್ಕಿಗೆ ಇಎನ್‌ಎ ಡ್ರೈವರ್‌ಗಳೂ ಸಿದ್ಧ. ರ‍್ಯಾಮ್ ಹೆಚ್ಚಾದ ಮಾತ್ರಕ್ಕೆ ನಿಮ್ಮ ಬಿಲ್‌ಗಳನ್ನು ಇಡುವ ಡೇಟಾಬೇಸ್ ಮೈಎಸ್‌ಕ್ಯೂಎಲ್ ಅದನ್ನು ಬಳಸಿಕೊಳ್ಳುವುದಿಲ್ಲ. ಅದಕ್ಕೆ ಮೀಸಲಾದ ಮೆಮೊರಿ, ಅಂದರೆ ಬಫರ್ ಪೂಲನ್ನು ನಾವೇ 10 ಜಿಬಿಗೆ ಏರಿಸಬೇಕು. ಏನಾದರೂ ಕೈಕೊಟ್ಟರೆ ಅದೇ ಡಿಸ್ಕಿನೊಂದಿಗೆ ಹಳೆಯ ಬಗೆಗೆ ಮರಳುತ್ತೇವೆ. ನಿಮ್ಮ ಒಂದು ಬಿಲ್ಲೂ ಕಳೆಯಲು ಬಿಡುವುದಿಲ್ಲ.

ನೀವು ಮಾಡಬೇಕಾದ್ದು ಇಷ್ಟೇ: ಶನಿವಾರ 10:45ರೊಳಗೆ ತೆರೆದಿಟ್ಟ ಬಿಲ್‌ಗಳನ್ನು ಸೇವ್ ಮಾಡಿ. ರಾತ್ರಿ ಕೈಬಿಲ್ ಬರೆಯುವವರು ಬೇರೆ ಸರಣಿಯ ಸಂಖ್ಯೆ ಹಾಕಿ. ಕಂಪ್ಯೂಟರಿನ ಸರಣಿಯನ್ನೇ ಮುಂದುವರಿಸಿದರೆ ಒಂದೇ ಸಂಖ್ಯೆ ಎರಡು ಸಲ ಬರುತ್ತದೆ. ಜಿಎಸ್‌ಟಿಆರ್-1ರಲ್ಲಿ ಎರಡೂ ಸರಣಿ ತೋರಿಸಲು ಮರೆಯಬೇಡಿ. ಐಪಿ ವಿಳಾಸ ಹಳೆಯದೇ ಇರುತ್ತದೆ, ರೌಟರ್ ಮುಟ್ಟಬೇಕಿಲ್ಲ. ಭಾನುವಾರದ ಮೊದಲ ವರದಿ ತುಸು ತಡವಾದೀತು, ಏಕೆಂದರೆ ಮೆಮೊರಿ ಖಾಲಿಯಿಂದ ತುಂಬಿಕೊಳ್ಳಬೇಕು. ಎರಡನೆಯದೂ ತಡವಾದರೆ ಪರದೆಯ ಫೋಟೊ, ಬಿಲ್ ಸಂಖ್ಯೆ ವಾಟ್ಸಾಪ್ ಮಾಡಿ. ಭಾನುವಾರ ಬೆಳಿಗ್ಗೆ 7ರಿಂದ ನಾವು ಫೋನಿನ ಮುಂದೆಯೇ ಇರುತ್ತೇವೆ.

ಇಂತಿ,
ನಿಮ್ಮ ಬಿಲ್ಲಿಂಗ್ ತಂಡ