ಮಗಳಿಗೊಂದು ಪತ್ರ: ಎರಡು ಕಡೆ ಇರುವ ಚೌಡಿ

ಪ್ರೀತಿಯ ಪುಟ್ಟಿ,

ಆವತ್ತು ಫೋನಿನಲ್ಲಿ ನೀನು ಕೇಳಿದ್ದಕ್ಕೆ ನಾನು ಸರಿಯಾಗಿ ಉತ್ತರ ಕೊಡಲಿಲ್ಲ. ಒಲೆ ಮೇಲೆ ಹಾಲಿತ್ತು, ಕೊನೆಗೆ ಉಕ್ಕಿಯೂ ಹೋಯಿತು. ಹೆರಿಗೆ ಆಸ್ಪತ್ರೆಯ ಫಾರಂನಲ್ಲಿ ಧರ್ಮ ಅನ್ನುವ ಕಡೆ ಹಿಂದೂ ಅಂತ ಬರೆದೆ, ಆಮೇಲೆ ಅದೇ ಯೋಚನೆ ಹತ್ತಿತು ಅಂದೆಯಲ್ಲ. ಜೊತೆಗಿದ್ದ ನಿನ್ನ ಗೆಳತಿ, ಲಾವೋಸ್ ಬೆಟ್ಟದ ಕಡೆಯ ಹ್ಮಾಂಗ್ ಜನದವಳು, "ನಿಮ್ಮೂರಲ್ಲಿ ಕೋಳಿ ತಿನ್ನೋ ಅಮ್ಮ ಒಬ್ಬಳಿದ್ದಾಳೆ ಅಂದಿದ್ದೆ, ಅವಳನ್ನ ಎಲ್ಲಿ ಬರೀತೀಯ?" ಅಂದಳಂತೆ. ಜಾಣೆ ಹುಡುಗಿ.

ಬರೆದದ್ದು ತಪ್ಪೇನಲ್ಲ. ಜನಗಣತಿಯವರು ಬಂದಾಗ ನಾನೂ ಅದನ್ನೇ ಹೇಳೋದು. ತಿರುಪತಿಗೆ ಹೋಗಿದ್ದೇವೆ, ಧರ್ಮಸ್ಥಳಕ್ಕೆ ಹೋಗಿದ್ದೇವೆ. ತಿಮ್ಮಪ್ಪ ಎಲ್ಲಿ ಹೋದರೂ ತಿಮ್ಮಪ್ಪನೇ. ಆ ಕೋಳಿ ತಿನ್ನೋ ಅಮ್ಮ, ನಮ್ಮ ಚೌಡಿ, ಮಾತ್ರ ಗದ್ದೆ ಬದುವಿನಿಂದ ಕೆಳಗಿನ ಹಳ್ಳದ ತನಕ. ಹಳ್ಳ ದಾಟಿದರೆ ಬೇರೆಯವರ ಭೂತಪ್ಪನ ಗಡಿ. ಹೆಸರು ಕೇಳಿದರೆ ಅಜ್ಜಿ ಜಾಗದ ಹೆಸರನ್ನೇ ಹೇಳುತ್ತಿದ್ದಳು, ಇಂಥಾ ಹಳ್ಳದ ಚೌಡಿ ಅಂತ. ಅಂಥವಳನ್ನು ಅಮೆರಿಕದ ಫಾರಂನಲ್ಲಿ ಎಲ್ಲಿ ಕೂರಿಸುತ್ತೀಯ ಹೇಳು.

ಆ ಹಳ್ಳವೇ ಹೋಯಿತು. ನಾವು ಮುಳುಗಡೆಯವರು ಅಂತ ನಿನಗೆ ಗೊತ್ತು, ಆದರೆ ಈ ಭಾಗ ಹೇಳಿರಲಿಲ್ಲ. ನನ್ನ ಅಜ್ಜಿಯ ತವರು ಮಡೆನೂರು ಅಣೆಕಟ್ಟಿನ ನೀರಿಗೆ ಹೋಯಿತು. ಮದುವೆಯಾಗಿ ಬಂದ ಮನೆ ಅದೇ ಶರಾವತಿಗೆ ಕಟ್ಟಿ 1964ರಲ್ಲಿ ಮುಗಿದ ಲಿಂಗನಮಕ್ಕಿ ಡ್ಯಾಮಿಗೆ ಹೋಯಿತು. ಒಂದೇ ಜನ್ಮದಲ್ಲಿ ಎರಡು ಮುಳುಗಡೆ. ಅಜ್ಜ ಹೊರಡುವಾಗ ಚೌಡಿಯ ಕಲ್ಲು ಕಿತ್ತು ಲಾರಿಗೆ ಹಾಕೋಣ ಅಂದನಂತೆ. ಹೇಗೂ ಬಾಗಿಲು, ತೊಲೆ, ಒಳಕಲ್ಲು ಎಲ್ಲಾ ಲಾರಿಯಲ್ಲೇ ಇತ್ತು. ಅಜ್ಜಿ ಬಿಡಲಿಲ್ಲ. "ಅವಳು ಬರಲ್ಲ. ನೀರು ಬಂದ್ರೂ ಇಲ್ಲೇ ಇರ್ತಾಳೆ" ಅಂದಳಂತೆ. ಆಮೇಲೆ ಏನನ್ನಿಸಿತೋ, ಕಲ್ಲಿನ ಬುಡದಿಂದ ಮೂರು ಹಿಡಿ ಮಣ್ಣು ತೆಗೆದು ತಾಮ್ರದ ಚೊಂಬಿಗೆ ಹಾಕಿ, ಬಾಯಿಗೆ ಬಾಳೆ ಎಲೆ ಕಟ್ಟಿ, ಮಡಿಲಲ್ಲಿಟ್ಟುಕೊಂಡು ಬಂದಳು.

ಶಿವಮೊಗ್ಗದ ಈ ಕಡೆ ಕಾಡು ಕಡಿದು ಕೊಟ್ಟ ಜಾಗದಲ್ಲಿ ಒಂದು ಹೊನ್ನೆ ಮರದ ಬುಡಕ್ಕೆ ಆ ಮಣ್ಣು ಹಾಕಿ, ಹೊಳೆಯಲ್ಲಿ ಸಿಕ್ಕ ಕಲ್ಲೊಂದು ನೆಟ್ಟರು. ಈಗ ನೀನು ನೋಡಿರುವ ಚೌಡಿಬನ ಅದೇ. (ನಾಡಿಗೆಲ್ಲಾ ಬೆಳಕು ಕೊಡಲು ಊರು ಬಿಟ್ಟ ಜನ ನಾವು. ನಮ್ಮ ಕಾಲೊನಿಗೆ ಕರೆಂಟ್ ಬಂದದ್ದು ನಾನು ಏಳನೇ ಕ್ಲಾಸಿನಲ್ಲಿದ್ದಾಗ. ಹಕ್ಕುಪತ್ರದ ಕಥೆ ಬರೆಯಲು ಕೂತರೆ ಈ ಕಾಗದ ಸಾಲಲ್ಲ, ಬಿಡು.) ಅಜ್ಜಿ ಮಾತ್ರ ಸಾಯುವ ತನಕ ಹೊನ್ನೆ ಮರದ ಕೆಳಗೆ ಎಡೆ ಇಟ್ಟು, ಆ ಕಲ್ಲಿಗೆ ಬೆನ್ನು ತಿರುಗಿಸಿ, ಹಿನ್ನೀರಿನ ದಿಕ್ಕಿಗೆ ಕೈ ಮುಗಿಯುತ್ತಿದ್ದಳು. ಚಿಕ್ಕವರಿದ್ದಾಗ ನಾವು ನಗುತ್ತಿದ್ದೆವು.

ಒಂದು ಸಲ ಬೇಸಿಗೆಯಲ್ಲಿ ನೀರು ತುಂಬಾ ಇಳಿದಿತ್ತು. ಸಮುದ್ರಮಟ್ಟದಿಂದ 1819 ಅಡಿಗೆ ತುಂಬುವ ಡ್ಯಾಮು ತಳ ಕಾಣಿಸಿ, ಅದರೊಳಗೆ ಮುಳುಗಿದ್ದ ಮಡೆನೂರಿನ ಹಳೇ ಕಟ್ಟೆಯೂ ಎದ್ದು ನಿಂತಿತ್ತು. ಅಪ್ಪ ನನ್ನನ್ನು ಕರೆದುಕೊಂಡು ಹೋದ. ನಾನು ಆಗ ಟೀಚರ್ ಕೆಲಸಕ್ಕೆ ಸೇರಿದ ಹೊಸತು. ಬಿರುಕು ಬಿಟ್ಟ ಕೆಸರಿನ ಮೇಲೆ ಒಂದೂವರೆ ಗಂಟೆ ನಡೆದೆವು. ಮರದ ಬೊಡ್ಡೆಗಳು ಕಪ್ಪಗೆ ಸಾಲಾಗಿ ನಿಂತಿದ್ದವು. ಅಪ್ಪ ಬೊಡ್ಡೆ ನೋಡಿಯೇ ಇದು ಹಲಸು, ಇದು ಅಪ್ಪೆಮಿಡಿ ಅಂತ ಹೇಳುತ್ತಾ ಹೋದ. ಮನೆಯ ಜಂಬಿಟ್ಟಿಗೆ ಮೆಟ್ಟಿಲು ಮೂರು ಸಿಕ್ಕವು. ಅಲ್ಲಿಂದ ಹೆಜ್ಜೆ ಎಣಿಸಿಕೊಂಡು ಕೆಳಗೆ ಇಳಿದು, ಕೈಯಲ್ಲೇ ಕೆಸರು ಬಗೆದ. ಮೊಣಕೈ ಉದ್ದದ ಕಲ್ಲು, ಮೈಯೆಲ್ಲಾ ಬಸವನಹುಳುವಿನ ಚಿಪ್ಪು. ಅಪ್ಪ ಅಂಗಿಯಲ್ಲಿ ಒರೆಸಿ, ಕುಂಕುಮ ಹಚ್ಚಿ, ಕಾಯಿ ಒಡೆದ. "ಅಮ್ಮ ಹೇಳಿದ್ದು ಸರಿ, ಇಲ್ಲೇ ಇದ್ದಾಳೆ" ಅಂದ. ಮಳೆ ಹಿಡಿದ ಮೇಲೆ ಮತ್ತೆ ಮುಳುಗಿತು. ಕಾಯಿಯ ಒಂದು ಹೋಳು ಮನೆಗೆ ತಂದು ಹೊನ್ನೆ ಮರದ ಚೌಡಿಗೆ ಇಟ್ಟೆವು. ಇಬ್ಬರಿಗೂ ಸಲ್ಲಬೇಕಲ್ವಾ.

ನಿನ್ನ ಗೆಳತಿಯ ತಾತ ತೀರಿಕೊಂಡಾಗ ನೀನು ಹೋಗಿ ಬಂದು ಹೇಳಿದ್ದು ಕೇಳಿ ನನಗೆ ಇದೆಲ್ಲಾ ನೆನಪಾಯಿತು. 1975ರ ನಂತರ ಲಾವೋಸ್ ಬಿಟ್ಟು ಮೆಕಾಂಗ್ ಹೊಳೆ ದಾಟಿ, ಥಾಯ್ಲೆಂಡಿನ ಕ್ಯಾಂಪಿನಲ್ಲಿದ್ದು, ಅಮೆರಿಕ ಸೇರಿದ ಜನ ಅವರು. ಸಾವಿನ ಮನೆಯಲ್ಲಿ ದಾರಿ ತೋರಿಸುವ ಹಾಡು ಹಾಡುತ್ತಾರೆ, ಸತ್ತವರು ಬದುಕಿದ ಒಂದೊಂದು ಊರಿನ ಹೆಸರು ಹೇಳಿ ಹಿಂದಕ್ಕೆ ಕಳಿಸುತ್ತಾರೆ ಅಂದೆಯಲ್ಲ. ಅಮೆರಿಕದ ಸೇಂಟ್ ಪಾಲ್‌ನಿಂದ ಕ್ಯಾಂಪಿಗೆ, ಕ್ಯಾಂಪಿನಿಂದ ಹೊಳೆ ದಾಟಿ ಬೆಟ್ಟದ ಹುಟ್ಟೂರಿಗೆ. ಹುಟ್ಟಿದಾಗ ಮನೆಯಲ್ಲಿ ಹೂತ ಮಾಸು ಅವರಿಗೆ ಮೊದಲ ಅಂಗಿಯಂತೆ, ಅದನ್ನು ತೊಟ್ಟುಕೊಂಡೇ ಹಿರಿಯರ ಹತ್ತಿರ ಹೋಗಬೇಕಂತೆ. ಅಜ್ಜಿ ಇದ್ದಿದ್ದರೆ "ಮತ್ತೆ, ಹಾಗಲ್ದೆ!" ಅನ್ನುತ್ತಿದ್ದಳು. ನಮ್ಮ ಕಡೆಯೂ ಮಾಸು ಹೂಳುತ್ತಿದ್ದರು. ನಿನ್ನದು ಶಿವಮೊಗ್ಗದ ಆಸ್ಪತ್ರೆಯವರು ಏನು ಮಾಡಿದರೋ, ಕೇಳಲೂ ಇಲ್ಲ ನಾನು.

ಫಾರಂ ವಿಷಯಕ್ಕೆ ಬರುತ್ತೇನೆ. ಜಾರ್ಖಂಡ್ ಕಡೆಯ ಆದಿವಾಸಿಗಳು ಈ ಕಾಲಂ ಜೊತೆ ಜಗಳವನ್ನೇ ಹೂಡಿದ್ದಾರೆ. 2011ರ ಜನಗಣತಿಯಲ್ಲಿ ‘ಸರ್ನಾ’ ಅಂತ ಬರೆಸಿದವರು 49 ಲಕ್ಷಕ್ಕೂ ಜಾಸ್ತಿ. ಸರ್ನಾ ಅಂದರೆ ಅವರ ಊರಿನ ದೇವರ ಬನ. ಪ್ರತ್ಯೇಕ ಕಾಲಂ ಕೊಡಿ ಅಂತ 2020ರಲ್ಲಿ ಅಲ್ಲಿನ ವಿಧಾನಸಭೆಯೇ ನಿರ್ಣಯ ಮಾಡಿತು. ಅವರಲ್ಲಿ ಎಷ್ಟೋ ಜನರನ್ನು ಬ್ರಿಟಿಷರ ಕಾಲದಲ್ಲಿ ಅಸ್ಸಾಮಿನ ಟೀ ತೋಟಕ್ಕೆ ಸಾಗಿಸಿದ್ದರು. ಬನವನ್ನು ಹೊತ್ತೊಯ್ಯಲು ಆಗುತ್ತಾ? ಅಲ್ಲಿ ಕರಮ್ ಹಬ್ಬಕ್ಕೆ ಒಂದು ಕೊಂಬೆ ತಂದು ಅಂಗಳದಲ್ಲಿ ನೆಟ್ಟು ಸುತ್ತ ಕುಣಿಯುತ್ತಾರೆ.

ಇನ್ನು ನಮ್ಮ ಪಕ್ಕದ ಯಲ್ಲಾಪುರ, ಹಳಿಯಾಳದ ಸಿದ್ದಿಗಳು. ಆಫ್ರಿಕಾದಿಂದ ಗುಲಾಮರಾಗಿ ಬಂದವರ ವಂಶದವರು. ಅವರಲ್ಲಿ ಹಿಂದೂಗಳಿದ್ದಾರೆ, ಮುಸ್ಲಿಮರಿದ್ದಾರೆ, ಕ್ರಿಶ್ಚಿಯನ್ನರಿದ್ದಾರೆ. ಫಾರಂ ತುಂಬಿದರೆ ಮೂರು ಉತ್ತರ. ಆದರೆ ‘ಹಿರಿಯರು’ ಅಂದರೆ ಮೂವರೂ ಕೈ ಮುಗಿಯುತ್ತಾರೆ. ನಾನು ಆ ಕಡೆ ಕೆಲಸದಲ್ಲಿದ್ದಾಗ ಪಕ್ಕದ ಮನೆಯಾಕೆಯನ್ನು, ಚರ್ಚಿಗೆ ಹೋಗೋಳು, ಒಮ್ಮೆ ಕೇಳಿದ್ದೆ. "ಚರ್ಚು ಚರ್ಚಿಗೆ ಟೀಚರೇ, ಹಿರಿಯರು ಮನೆಗೆ" ಅಂದಳು. ನನಗೆ ಇದಕ್ಕಿಂತ ಚೆಂದ ಹೇಳಲು ಬರಲ್ಲ.

ನನಗೆ ಬೇಜಾರು ಆಗಿರುವುದು ಬೇರೆ ವಿಷಯಕ್ಕೆ. ಚೌಡಿಬನಕ್ಕೆ ಟೈಲ್ಸ್ ಹಾಕಿಸಿ, ಗೋಪುರ ಎಬ್ಬಿಸಿ, ಕೋಳಿ ಬಲಿ ನಿಲ್ಲಿಸಿ, ‘ಶ್ರೀ ಚೌಡೇಶ್ವರಿ’ ಅಂತ ಬೋರ್ಡು ಹಾಕೋಣ ಅಂತ ಕಾಲೊನಿಯ ಹುಡುಗರು ಹೊರಟಿದ್ದಾರೆ. ಕೋಳಿ ಕೊಯ್ಯುವಾಗ ನಾನೂ ಒಳಗೆ ಹೋಗಿಬಿಡುವವಳೇ, ಅದು ನಿಂತರೆ ಅಳಲ್ಲ. ಆದರೆ ಹೊನ್ನೆ ಮರ ಕಡಿಯಬೇಕಂತೆ, ಗೋಪುರಕ್ಕೆ ಅಡ್ಡವಂತೆ. ನಿನ್ನಪ್ಪ ಮೀಟಿಂಗಿನಲ್ಲಿ ಎದ್ದು, "ಅವಳು ಬಂದಿದ್ದೇ ಆ ಮರಕ್ಕೆ" ಅಂತ ಕೂಗಾಡಿ ಬಂದಿದ್ದಾರೆ. ಸದ್ಯಕ್ಕೆ ಮರ ಉಳಿದಿದೆ.

ಮೊನ್ನೆ ಭೂಮಿಹುಣ್ಣಿಮೆ ಆಯಿತು. ಬುಟ್ಟಿಗೆ ಜಾಜಿ, ಅದೇ ಕೆಮ್ಮಣ್ಣು, ಬಳಿದು, ಅಕ್ಕಿ ಹಿಟ್ಟಿನಲ್ಲಿ ಚಿತ್ತಾರ ಬರೆದೆ. ಕೈ ನಡುಗುತ್ತದೆ ಈಗ, ಗೆರೆ ಎರಡು ಕಡೆ ದಪ್ಪ ಬಿತ್ತು. ಬೆಳಗಿನ ಜಾವ ನಿನ್ನಪ್ಪ ಗದ್ದೆಗೆ ಹೋಗಿ ‘ಹಚ್ಚಂಬಲಿ’ ಅಂತ ಕೂಗಿ ಚರಗ, ಅಂದರೆ ಭೂಮಿಯ ಪಾಲಿನ ಎಡೆ, ಬೀರಿದರು. ಗದ್ದೆ ಬಸುರಿ, ಅವಳಿಗೆ ಬಯಕೆ ಊಟ. ಕಾಗೆಗೊಂದು ಎಡೆ, ಇಲಿಗೊಂದು ಎಡೆ. ಈ ವರ್ಷ ನಿನ್ನಪ್ಪ ನನ್ನನ್ನು ಕೇಳದೆ ಇನ್ನೊಂದು ಬಾಳೆ ಎಲೆ ಹಾಕಿ ಬಡಿಸಿದರು. ಯಾರಿಗೆ ಅಂದೆ. "ಅವಳೂ ಬಸುರಿ ಅಲ್ವಾ" ಅಂದರು.

ಜನವರಿಯಲ್ಲಿ ಬರುತ್ತೇನೆ. ವಿಮಾನದಲ್ಲಿ ಮಣ್ಣು ತರುವ ಹಾಗಿಲ್ಲವಂತೆ, ವಿಚಾರಿಸಿದೆ. ಹಾಗಾಗಿ ಚೊಂಬು ಮಾತ್ರ ತರುತ್ತೇನೆ, ಖಾಲಿ. ಚಿತ್ತಾರ ಬರೆಯುವ ಪುಂಡಿನಾರಿನ ಕುಂಚ ಸೀರೆ ಮಡಿಕೆಯಲ್ಲಿ ಬರುತ್ತದೆ. ನಿಮ್ಮ ಮನೆಯ ಹಿಂದೆ ಒಂದು ಮೇಪಲ್ ಮರ ಇದೆ ಅಂದಿದ್ದೆ, ಅದರ ಬುಡದಲ್ಲಿ ಹಿಮ ಎಷ್ಟು ಅಡಿ ಇರುತ್ತದೆ ಜನವರಿಗೆ? ಗುದ್ದಲಿ ಇಳಿಯುತ್ತದಾ, ಗೆಳತಿಯನ್ನು ಕೇಳಿ ಹೇಳು. ಅವರಿಗೆ ಗೊತ್ತಿರುತ್ತದೆ.

ನಿನ್ನ
ಅಮ್ಮ