ಹತ್ತು ವರ್ಷ ಸಹಿಸಿಕೊಂಡವರಿಗೆ

ಕ್ಯಾಮೆರಾ ಮುಂದೆ ನಿಲ್ಲಲು ಶುರು ಮಾಡಿ ಈ ತಿಂಗಳಿಗೆ ಹತ್ತು ವರ್ಷ ಆಯಿತು. ನಾನು ಮಾಡಿದ ಸಿನಿಮಾಗಳಲ್ಲಿ ಹೆಚ್ಚಿನವು ನಿಮ್ಮೂರಿನ ಟಾಕೀಸಿಗೆ ಬಂದೇ ಇಲ್ಲ. ಒಂದೆರಡು ಇನ್ನೂ ಹಾರ್ಡ್ ಡಿಸ್ಕಿನಲ್ಲೇ ಮಲಗಿವೆ. ಆದರೂ ಋಣ ದೊಡ್ಡದಿದೆ.

ಮೊದಲು ಹೆಗ್ಗೋಡಿಗೆ. ಅಲ್ಲಿನ ನೀನಾಸಂನ ಊರೂರು ಸುತ್ತುವ ನಾಟಕ ತಂಡ 'ತಿರುಗಾಟ'ದಲ್ಲಿ ಕೊನೇ ಸಾಲಿನವರಿಗೂ ಕೇಳುವಂತೆ ಮಾತಾಡಲು ಕಲಿತೆ. ಸಿನಿಮಾಕ್ಕೆ ಬಂದ ಮೇಲೆ ಅದನ್ನೇ ಬಿಡಿಸಲು ಸೌಂಡ್ ಮಾಡುವ ಗೆಳೆಯ ಒದ್ದಾಡಿಬಿಟ್ಟ. "ಮೈಕು ನಿನ್ನ ಸೆರಗಲ್ಲೇ ಇದೆ ಮಾರಾಯ್ತಿ, ಸಾಗರ ಪೇಟೆಗೆ ಕೇಳಿಸೋದು ಬೇಡ" ಅಂತಿದ್ದ. ಥ್ಯಾಂಕ್ಸ್ ಕಣೋ.

2016ರಲ್ಲಿ 'ತಿಥಿ' ಸಿನಿಮಾ ನೋಡಿದಾಗ ಖುಷಿಗಿಂತ ಭಯವೇ ಜಾಸ್ತಿ ಆಗಿತ್ತು. ಮಂಡ್ಯ ಕಡೆಯ ಹಳ್ಳಿ ಜನ ತರಬೇತಿ ಇಲ್ಲದೆ ಹಾಗೆ ನಟಿಸಿದರೆ ನಮ್ಮಂಥವರು ಯಾಕೆ ಬೇಕು, ಅಲ್ವಾ? ಆಮೇಲೆ 'ಶಿವಮ್ಮ' ಬಂತು. ಕೊಪ್ಪಳ ಜಿಲ್ಲೆಯ ಯರೇಹಂಚಿನಾಳದ ಕಥೆ, 2022ರಲ್ಲಿ ದಕ್ಷಿಣ ಕೊರಿಯಾದ ಬೂಸಾನ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು. ಬಿಸಿಯೂಟದ ಅಡುಗೆಯವಳಾಗಿ ಶರಣಮ್ಮ ಅವರು ನಡೆಯುವ ರೀತಿ ನೋಡಿ, ಪಾತ್ರಕ್ಕಿಂತ ಮೊದಲು ಕೆಲಸ ಕಲಿಯಬೇಕು ಅನ್ನಿಸಿತು.

ಅದಕ್ಕೇ ಬೀಡಿ ಕಟ್ಟುವವರ ಬಗ್ಗೆ ಡಾಕ್ಯುಮೆಂಟರಿಯಲ್ಲಿ ನಟಿಸಲು ಕರೆ ಬಂದಾಗ ಪುತ್ತೂರಿನ ಹತ್ತಿರದ ಒಂದು ಮನೆಯ ಜಗಲಿಯಲ್ಲಿ ಹೋಗಿ ಕೂತೆ. ಅಲ್ಲಿನ ಅಕ್ಕನ ಮಡಿಲಲ್ಲಿ ಮೊರ. ನೆನೆಸಿದ ಎಲೆಯನ್ನು ಅಳತೆಗೆ ಕತ್ತರಿಸಿ, ಹೊಗೆಸೊಪ್ಪಿನ ಪುಡಿ ಉದುರಿಸಿ, ಸುರುಳಿ ಸುತ್ತಿ, ತುದಿ ಮಡಚಿ, ನೂಲು ಬಿಗಿದು ಆಚೆ ಎಸೆಯುತ್ತಿದ್ದರು. ಕಣ್ಣು ಮಾತ್ರ ಟಿವಿ ಮೇಲೆ! ನನ್ನ ಬೀಡಿ ಬಿಚ್ಚಿಕೊಳ್ಳುತ್ತಲೇ ಇತ್ತು. "ಇದನ್ನು ಬೀಡಿ ಕಂಪನಿಯ ಬ್ರಾಂಚಿಗೆ ಕೊಂಡುಹೋದ್ರೆ ಪೂರಾ ರಿಜೆಕ್ಟ್ ಮಾರಾಯ್ರೆ" ಎಂದು ನಕ್ಕರು. ಸೀನಿನ ದಿನ ನನ್ನ ಬೆನ್ನು ಬಗ್ಗಿದ್ದು ಸಾಲದು ಅಂತ ತೋರಿಸಿಕೊಟ್ಟವರೂ ಅವರೇ. ಆ ಸೀನ್ ಚೆನ್ನಾಗಿದೆ ಅಂದವರೆಲ್ಲ ಅಕ್ಕನಿಗೆ ಹೇಳಿದ ಹಾಗೆ ಅಂತ ಇಟ್ಟುಕೊಂಡಿದ್ದೇನೆ.

ಇನ್ನು, ಶೂಟಿಂಗಿಗೆ ಮನೆ ಬಿಟ್ಟುಕೊಟ್ಟವರು. ನಮಗೆ ಕ್ಯಾರವಾನ್ ಇರುವುದಿಲ್ಲ. ಅವರ ದೇವರಮನೆ ಪಕ್ಕದ ಕೋಣೆಯಲ್ಲೇ ಸೀರೆ ಬದಲಿಸಿದ್ದೇನೆ. ಲೈವ್ ಸೌಂಡ್, ಅಂದರೆ ಶೂಟಿಂಗ್ ಹೊತ್ತಲ್ಲೇ ದನಿ ರೆಕಾರ್ಡ್ ಮಾಡೋದು ಅಂತ ಫ್ಯಾನ್, ಫ್ರಿಡ್ಜ್ ಎಲ್ಲ ಆಫ್ ಮಾಡಿಸಿದ್ದೇವೆ. ಹಾಲು ಒಡೆದರೂ ಬೈಯಲಿಲ್ಲ ನೀವು.

ಅಮ್ಮಾ, "ನಿಮ್ಮ ಮಗಳು ಯಾವ ಸೀರಿಯಲ್‌ನಲ್ಲಿ ಬರ್ತಾಳೆ?" ಅಂತ ಕೇಳಿದವರಿಗೆಲ್ಲ ಉತ್ತರ ಕೊಟ್ಟಿದ್ದಕ್ಕೆ ನಿಂಗೆ ಬೇರೆ ಥ್ಯಾಂಕ್ಸ್.

ಹಾಂ, ಮುಂದಿನ ತಿಂಗಳು ಶೂಟಿಂಗ್ ಇದೆ. ಶಿರಸಿ ಕಡೆ ಹಳೇ ಮನೆ ಇದ್ದವರು ಮೆಸೇಜ್ ಮಾಡಿ. ಈ ಸಲ ಹಾಲು ನಾವೇ ತರುತ್ತೇವೆ.